ಬೀಡಿ ಕಟ್ಟುವ ಕೈಗಳಿಗೆ ಬೇರೆ ಕೆಲಸ ಕೊಡಿ



ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆ ಕಡೆಯ ಎಷ್ಟೋ ಮನೆಗಳ ಅಕ್ಕಿ, ಮಕ್ಕಳ ಓದು, ಮಗಳ ಮದುವೆಯ ಚಿನ್ನ ಎಲ್ಲವೂ ಹೆಂಗಸರು ಕಟ್ಟಿದ ಬೀಡಿಯಿಂದಲೇ ಬಂದವು. ಬೀಡಿ ಸೇದುವವರ ಎದೆ ಸುಡುತ್ತದೆ, ಹೊಗೆಸೊಪ್ಪಿನ ಧೂಳು ಕಟ್ಟುವವರನ್ನೂ ಬಿಡದು ಎಂದು ಈ ತಾಯಂದಿರಿಗೆ ಚೆನ್ನಾಗಿ ಗೊತ್ತು. ಗೊತ್ತಿದ್ದೂ, ಬೀಡಿ ಕಟ್ಟುವ ಮೊರ ಕೆಳಗಿಟ್ಟರೆ ಸಂಘದಿಂದ ಪಡೆದ ಸಾಲದ ವಾರದ ಕಂತು ಕಟ್ಟುವುದು ಹೇಗೆ?

ಬೀಡಿ ಕಾರ್ಮಿಕರ ಕಲ್ಯಾಣಕ್ಕೆಂದು ಬೀಡಿಯ ಮೇಲೆ ಹಾಕುತ್ತಿದ್ದ ಸೆಸ್ ಕೂಡ 2017ರಲ್ಲಿ ಜಿಎಸ್‌ಟಿ ಬಂದಾಗ ರದ್ದಾಯಿತು. ಕಿರುಸಾಲ ವಸೂಲಿಯ ಕಿರುಕುಳ ತಡೆಯಲು ರಾಜ್ಯ ಸರಕಾರ 2025ರಲ್ಲಿ ಕಾನೂನು ತಂದದ್ದು ಒಳ್ಳೆಯದೇ. ಆದರೆ ಅದರಿಂದ ಸಂಪಾದನೆ ಹುಟ್ಟುವುದಿಲ್ಲ. ತಂಬಾಕು ನಿಲ್ಲಲಿ, ನನ್ನ ತಕರಾರಿಲ್ಲ. ಅದಕ್ಕೂ ಮೊದಲು ಈ ಹೆಂಗಸರಿಗೆ ಊರಲ್ಲೇ ಮಾಡಬಹುದಾದ ಕೆಲಸವನ್ನು ಸರಕಾರ ಒದಗಿಸಲಿ.

– ಬೀಡಿ ಕಟ್ಟುವ ತಾಯಿಯ ಮಗಳು, ಬಂಟ್ವಾಳ