ನೀಷೆ ಮತ್ತು ಮನು



ದೇವರು ಸತ್ತ ಎಂದ ಜರ್ಮನಿಯ ನೀಷೆ ಆಧುನಿಕ ಕಲೆಗೆ ದೊಡ್ಡ ಧೈರ್ಯ ಕೊಟ್ಟವನು. ಸ್ಟ್ರಾಸ್ 1896ರಲ್ಲಿ ಅವನ ಜರಥುಷ್ಟ್ರನನ್ನು ಸಂಗೀತವಾಗಿಸಿದ, ಮುಂಕ್ 1906ರಲ್ಲಿ ಅವನನ್ನೇ ಚಿತ್ರಿಸಿದ. ನಾವೂ ಓದಿ ಬೆರಗಾದೆವು.

ಆದರೆ ಇದೇ ನೀಷೆ 1888ರಲ್ಲಿ ಮನುಸ್ಮೃತಿ ಓದಿ, ಬೈಬಲ್ಲಿಗಿಂತ ಮೇಲು ಅಂತ ಹೊಗಳಿದ. ಕ್ರೈಸ್ತ ಧರ್ಮವನ್ನು ಹಳಿಯಲು ಅವನಿಗೆ ಸಿಕ್ಕ ಬೈಗುಳ ಯಾವುದು ಗೊತ್ತೇನ್ರಪ್ಪಾ? ಚಂಡಾಲ! ಮರುವರ್ಷವೇ ಸ್ವೀಡನ್ನಿನ ಸ್ಟ್ರಿಂಡ್‌ಬರ್ಗನ ಕತೆಗೆ ಅದೇ ಹೆಸರಾಯಿತು. ನಮ್ಮ ಕೇರಿಗೆ ಎಸೆದ ಕಲ್ಲು ಯುರೋಪಿನ ಸಾಹಿತ್ಯದೊಳಗೂ ಹೋಗಿ ಬಿತ್ತು.

1927ರಲ್ಲಿ ಮಹಾಡಿನಲ್ಲಿ ಮನುಸ್ಮೃತಿ ಸುಟ್ಟ ಬಾಬಾಸಾಹೇಬರು ನೀಷೆಯನ್ನೂ ಓದಿ ತೂಗಿದರು: ನೀಷೆಯ ಅತಿಮಾನವ ಯೋಗ್ಯತೆಯಿಂದ ದೊಡ್ಡವನು, ಮನುವಿನವನು ಬರೀ ಹುಟ್ಟಿನಿಂದ, ಮನುವೇ ಹೆಚ್ಚು ನೀಚ.

ದೇವರು ಸತ್ತರೆ ಸಾಲದು, ಮನುವೂ ಸಾಯಬೇಕು. ನೀಷೆಯನ್ನು ಓದಿ, ಅಡ್ಡಬೀಳಬೇಡಿ.