ಹಿಮ ಕರಗಿತು ಸರಿ, ಆಮೇಲೆ?

"ಅಲ್ಲಪ್ಪಾ, ಆ ಲೋಕದಲ್ಲಿ ದೇವರು ನಿಜ, ಬೆಂಕಿಗೆ ಶಕ್ತಿ ಇರೋದೂ ನಿಜ. ಅಂದಮೇಲೆ ಸುಟ್ಟಿದ್ದು ತಪ್ಪು ಅಂತ ಹೇಗೆ ಹೇಳ್ತೀಯ?"

'ಗೇಮ್ ಆಫ್ ಥ್ರೋನ್ಸ್' ಮಾತು ಬಂದಾಗಲೆಲ್ಲ ಯಾರಾದರೊಬ್ಬರು ಈ ವಾದ ತೆಗೀತಾರೆ. ಧಾರಾವಾಹಿ 2019ರಲ್ಲೇ ಮುಗಿಯಿತು, ವಾದ ಮಾತ್ರ ಮುಗಿದಿಲ್ಲ. ಕೇಳೋದಕ್ಕೆ ಬಲು ಬುದ್ಧಿವಂತ ವಾದ. ಒಳಗೆ ಬರೀ ಟೊಳ್ಳು.

ನೋಡದೇ ಇದ್ದವರಿಗೆ ಎರಡು ಮಾತು. ಜಾರ್ಜ್ ಆರ್. ಆರ್. ಮಾರ್ಟಿನ್ ಕಟ್ಟಿದ ಆ ಲೋಕದಲ್ಲಿ ರಲೋರ್ ಅಂತ ಒಬ್ಬ ಬೆಳಕಿನ ದೇವರಿದ್ದಾನೆ. ಬೆಂಕಿಯೇ ಅವನ ಗುಡಿ. ಅವನ ಪೂಜಾರಿಣಿ, ಕೆಂಪು ಸೀರೆಯಲ್ಲ, ಕೆಂಪು ನಿಲುವಂಗಿಯ ಮೆಲಿಸಾಂಡ್ರೆ. ಜ್ವಾಲೆ ನೋಡಿ ಭವಿಷ್ಯ ಹೇಳ್ತಾಳೆ. ಸ್ಟ್ಯಾನಿಸ್ ಅನ್ನೋ ರಾಜನಿಗೆ "ನೀನೇ ಅವತಾರಪುರುಷ" ಅಂತ ತಲೆಗೆ ತುಂಬುತ್ತಾಳೆ. 2015ರಲ್ಲಿ ಬಂದ ಐದನೇ ಸೀಸನ್ನಿನಲ್ಲಿ ಅವನ ಸೈನ್ಯ ಹಿಮದಲ್ಲಿ ಸಿಕ್ಕಿಕೊಂಡು ಹಸಿವಿನಿಂದ ಸಾಯೋ ಸ್ಥಿತಿಗೆ ಬಂದಾಗ, ತನ್ನ ಒಬ್ಬಳೇ ಮಗಳು ಶಿರೀನ್‌ಳನ್ನು ಕಂಬಕ್ಕೆ ಕಟ್ಟಿಸಿ ಸುಡಿಸುತ್ತಾನೆ. ಮರುದಿನ ಹಿಮ ಕರಗುತ್ತೆ.

"ನೋಡಿದ್ಯಾ, ವರ್ಕ್ ಆಯ್ತು!" ಅಂತಾರೆ ನಮ್ಮವರು.

ಸರ್ವರ್ ರೀಸ್ಟಾರ್ಟ್ ಮಾಡಿದ ಮೇಲೆ ಎರರ್ ಹೋಯಿತು ಅಂದಮಾತ್ರಕ್ಕೆ ಬಗ್ ಹೋಯಿತು ಅಂತ ನಂಬೋ ಎಂಜಿನಿಯರಿಗೆ ನಾವು ಏನಂತೀವಿ? ಲಾಗ್ ನೋಡಪ್ಪಾ ಅಂತೀವಿ. ಇಲ್ಲೂ ಲಾಗ್ ನೋಡೋಣ. ಹಿಮ ಕರಗಿದ್ದು ಒಂದು ಸಾಲು. ಅದರ ಕೆಳಗೇ ಇನ್ನೂ ನಾಲ್ಕು ಸಾಲಿವೆ. ಹೆಚ್ಚುಕಮ್ಮಿ ಅರ್ಧ ಸೈನ್ಯ ರಾತ್ರೋರಾತ್ರಿ ಕುದುರೆಗಳ ಸಮೇತ ಓಡಿಹೋಯಿತು. ಹೆಂಡತಿ ನೇಣು ಹಾಕಿಕೊಂಡಳು. ಪೂಜಾರಿಣಿ ತಾನೇ ಕುದುರೆ ಹತ್ತಿ ಪರಾರಿ. ಯುದ್ಧ ಸೋತು ರಾಜ ಸತ್ತ. ಮೊದಲ ಸಾಲು ಮಾತ್ರ ಓದಿ ಟಿಕೆಟ್ ಕ್ಲೋಸ್ ಮಾಡೋದು ಯಾವ ಸೀಮೆ ನ್ಯಾಯ?

ಇದಕ್ಕೂ ಮುಂಚಿನ ಜಿಗಣೆ ಕತೆ ನೋಡಿ. ರಾಜರಕ್ತ ಹೀರಿದ ಮೂರು ಜಿಗಣೆಗಳನ್ನು ಮೂವರ ಹೆಸರು ಹೇಳಿ ಬೆಂಕಿಗೆ ಹಾಕಿದರು. ಮೂವರೂ ಸತ್ತರು. ಆದರೆ ರಾಬ್ ಸ್ಟಾರ್ಕ್‌ನನ್ನ ಕೊಂದಿದ್ದು ಫ್ರೇ ಮತ್ತು ಬೋಲ್ಟನ್ ಮನೆತನಗಳ ಸಂಚು. ಜಾಫ್ರಿಗೆ ವಿಷ ಇಟ್ಟಿದ್ದು ಒಲೆನ್ನಾ. ಬೇಲಾನ್‌ನನ್ನ ಸೇತುವೆಯಿಂದ ನೂಕಿದ್ದು ಅವನ ಒಡಹುಟ್ಟಿದ ತಮ್ಮ. ಅವರವರಿಗೆ ಅವರವರದೇ ಕಾರಣ ಇತ್ತು. ಧಾರಾವಾಹಿಯಲ್ಲಿ ಬೇಲಾನ್ ಸಾಯೋಷ್ಟರಲ್ಲಿ ಜಿಗಣೆ ಸುಟ್ಟ ಸ್ಟ್ಯಾನಿಸ್ಸೇ ಸತ್ತುಹೋಗಿದ್ದ! ಇನ್ನು ಮೆಲಿಸಾಂಡ್ರೆಯೇ ರಾಣಿಯ ಮುಂದೆ ತನ್ನ ಪುಡಿ, ದ್ರಾವಣಗಳ ಪೆಟ್ಟಿಗೆ ತೆರೆದು, ಇವುಗಳಲ್ಲಿ ಬಹುಪಾಲು ಜನರನ್ನ ನಂಬಿಸೋ ಕಣ್ಕಟ್ಟು ಅಂತ ಒಪ್ಪಿಕೊಳ್ತಾಳೆ.

"ಹಾಗಾದ್ರೆ ಜಾನ್ ಸ್ನೋ ಬದುಕಿ ಬಂದಿದ್ದು? ಅದೂ ಕಣ್ಕಟ್ಟಾ?"

ಇಲ್ಲ, ಅದು ನಿಜ. ನಾನು ಹೇಳೋದಕ್ಕೆ ಹೊರಟಿರೋದೂ ಅದನ್ನೇ. ಆರನೇ ಸೀಸನ್ನಿನಲ್ಲಿ ಸತ್ತವನನ್ನ ಎಬ್ಬಿಸೋವಾಗ ಅವಳು ಮಾಡಿದ್ದೇನು? ಮೈ ತೊಳೆದಳು, ಕೂದಲು ಕತ್ತರಿಸಿ ಬೆಂಕಿಗೆ ಹಾಕಿದಳು, ಮಂತ್ರ ಹೇಳಿದಳು. ಅಷ್ಟೇ. ಬೆರಿಕ್‌ನನ್ನ ಹಲವು ಸಲ ಬದುಕಿಸಿದ ಥೋರೋಸ್‌ಗೂ ಬರೀ ಪ್ರಾರ್ಥನೆ ಸಾಕಾಯಿತು. ಕೊನೇ ಸೀಸನ್ನಿನ ಆ ಕತ್ತಲೆ ಯುದ್ಧದಲ್ಲಿ ಸಾವಿರಾರು ಕತ್ತಿಗಳಿಗೆ ಒಟ್ಟಿಗೇ ಬೆಂಕಿ ಹತ್ತಿಸಿದಾಗಲೂ ಯಾರನ್ನೂ ಸುಡಲಿಲ್ಲ. ಅಂದರೆ ಆ ದೇವರು ತನ್ನ ದೊಡ್ಡ ದೊಡ್ಡ ಕೆಲಸಗಳನ್ನೆಲ್ಲ ಪುಗಸಟ್ಟೆ ಮಾಡಿಕೊಟ್ಟಿದ್ದಾನೆ. ಮಗುವನ್ನ ಕೇಳಿದ್ದು ದೇವರಲ್ಲ, ಅವಸರದಲ್ಲಿದ್ದ ಇಬ್ಬರು ದೊಡ್ಡವರು. ಆ ಲೋಕದ ದೇವರನ್ನ ನಿಜ ಅಂತ ಒಪ್ಪಿಕೊಂಡರೂ ನಿಮ್ಮ ವಾದ ನಿಲ್ಲೋದಿಲ್ಲ.

ಸರಿ, ಸುಟ್ಟಿದ್ದರಿಂದಲೇ ಹಿಮ ಕರಗಿತು ಅಂತಲೇ ಇಟ್ಟುಕೊಳ್ಳಿ. ಆಗಲೂ ಒಂದು ಪ್ರಶ್ನೆ ಉಳಿಯುತ್ತೆ. ಅದನ್ನ "ಸ್ಟ್ಯಾನಿಸ್ ಮಾಡಿದ ತ್ಯಾಗ" ಅಂತೀರಲ್ಲ, ಅವನು ಏನನ್ನ ಬಿಟ್ಟುಕೊಟ್ಟ? ಮರುದಿನವೂ ಅವನು ರಾಜನೇ. ಸುಟ್ಟಿದ್ದು ಅವಳ ಮೈ. ತನ್ನದಲ್ಲದ್ದನ್ನ ಕೊಟ್ಟು ತ್ಯಾಗಿ ಅನ್ನಿಸಿಕೊಳ್ಳೋದು ಎಷ್ಟು ಸುಲಭ ನೋಡಿ! ಆ ಲೋಕದ ಪುರಾಣಪುರುಷ ಅಝೋರ್ ಅಹಾಯ್ ಕೂಡ ಹಾಗೇ. ಕತ್ತಿ ಹದ ಮಾಡೋದಕ್ಕೆ ಹೆಂಡತಿಯ ಎದೆಗೇ ಚುಚ್ಚಿದವನು ಅವನು. ಮಹಾವೀರ ಅಂತ ಹೆಸರಾಗಿದ್ದು ಚುಚ್ಚಿದವನಿಗೆ.

ಆ ದೃಶ್ಯದಲ್ಲಿ ಎರಡು ವಿಷಯ ಗಮನಿಸಿ. ಒಂದು, "ಅಪ್ಪಾ, ನಿನಗೆ ಸಹಾಯ ಮಾಡ್ತೀನಿ" ಅಂತ ಹುಡುಗಿಯೇ ಹೇಳ್ತಾಳೆ. ಯಾವ ಸಹಾಯ ಅಂತ ಅವಳಿಗೆ ಯಾರೂ ಹೇಳಿರಲ್ಲ. ಎರಡು, ಅಡ್ಡ ಬರಬಹುದಾಗಿದ್ದ ಒಬ್ಬನೇ ಮನುಷ್ಯ, ಅವಳಿಂದ ಅಕ್ಷರ ಕಲಿತ ಡಾವೋಸ್‌ನನ್ನ ಮೊದಲೇ ಏನೋ ಕೆಲಸ ಹೇಳಿ ದೂರ ಕಳಿಸಿರ್ತಾರೆ.

ಎಲ್ಲೋ ಕೇಳಿದ ಹಾಗಿದೆಯಾ? ಇರಲೇಬೇಕು. ನಮ್ಮ 'ಕೆರೆಗೆ ಹಾರ'ದಲ್ಲಿ ನೀರಿಗಾಗಿ ಕಿರಿಸೊಸೆ ಭಾಗೀರತಿಯನ್ನ ಆರಿಸಿದಾಗ ಗಂಡ ಮಾದೇವರಾಯ ದಂಡಿನಲ್ಲಿದ್ದ. ಅಲ್ಲೂ "ವರ್ಕ್ ಆಯ್ತು", ಕೆರೆ ತುಂಬಿತು. ಆದರೆ ಆ ಹಾಡು ಕೇಳಿದ ನಮ್ಮೂರಿನ ಹೆಂಗಸರು ಯಾರೂ ಕೆರೆ ತುಂಬಿತಲ್ಲ ಅಂತ ಸಂಭ್ರಮಪಟ್ಟಿದ್ದು ನಾನು ಕಾಣೆ. ಸೆರಗಿನಲ್ಲಿ ಕಣ್ಣು ಒರೆಸಿಕೊಂಡಿದ್ದೇ ಕಂಡಿದ್ದು. ಮಳೆ ಹೋದಾಗ ಕಪ್ಪೆ ಮದುವೆ ಮಾಡೋ ಊರುಗಳೂ ನಮ್ಮಲ್ಲಿವೆ. ಮಳೆ ಬಂದರೆ ಬಂತು, ಇಲ್ಲದಿದ್ದರೆ ಇಲ್ಲ. ಊಟಕ್ಕಂತೂ ಮೋಸ ಇಲ್ಲ, ಯಾರ ಮಗಳೂ ಸಾಯಲ್ಲ.

ಇಷ್ಟು ಸಿಟ್ಟು ಒಂದು ಧಾರಾವಾಹಿಗಾ ಅಂತ ಕೇಳಬಹುದು. ಧಾರಾವಾಹಿಗಲ್ಲ, ಆ "ವರ್ಕ್ ಆಯ್ತು" ಅನ್ನೋ ಮಾತಿಗೆ. ಹಳ್ಳಿಯಿಂದ ಬಂದು ಬಿಇ ಮಾಡಿದ ನನ್ನಂಥವರ ಎಷ್ಟೋ ಮನೆಗಳಲ್ಲಿ ಅಣ್ಣನ ಫೀಸಿಗಾಗಿ ತಂಗಿಯ ಓದು ಪಿಯುಸಿಗೇ ನಿಂತಿದೆ. "ಅವಳೇ ಬೇಡ ಅಂದ್ಲು, ಒಳ್ಳೆ ಹುಡುಗಿ, ತ್ಯಾಗ ಮಾಡಿದ್ಲು" ಅಂತಾರೆ. ಅಣ್ಣನಿಗೆ ಬೆಂಗಳೂರಲ್ಲಿ ಕೆಲಸ ಸಿಕ್ಕಿತು, ಮನೆಗೆ ತಾರಸಿ ಬಂತು, ವರ್ಕ್ ಆಯ್ತು. ಅವಳಿಗೆ ಬೇಡ ಅನ್ನದೇ ಬೇರೆ ದಾರಿ ಇತ್ತಾ ಅಂತ ಕೇಳಬೇಕಾದವರು ಆವತ್ತು ಎಲ್ಲಿ ಹೋಗಿದ್ದರೋ!

ಹಾಗಾಗಿ ಮುಂದಿನ ಸಲ ಯಾರಾದರೂ "ಹಿಮ ಕರಗಿತಲ್ಲ" ಅಂದರೆ, ಬೆಂಕಿಗೆ ಶಕ್ತಿ ಇದೆಯೋ ಇಲ್ಲವೋ ಅಂತ ಜಗಳಕ್ಕೆ ಹೋಗಬೇಡಿ. ಎರಡೇ ಪ್ರಶ್ನೆ ಕೇಳಿ. ಆ ಹುಡುಗಿಗೆ ವಿಷಯ ಹೇಳಿದ್ರಾ? ಡಾವೋಸ್‌ನ ಯಾಕೆ ಊರಾಚೆ ಕಳಿಸಿದ್ರಿ?