ಇಬ್ಬರು ಸಾಕ್ಷಿಗಳು

ಸವಾರನ ಹಿಮ್ಮಡಿಯ ಸೂಚನೆ ಕುದುರೆಗೆ ಹೇಗೋ, ಆಕ್ಸಿಲರೇಟರ್ ಪೆಡಲಿನ ಮೇಲೆ ಊರಿದ ಕಾಲು ಕಾರಿಗೆ ಹಾಗೆ. ಹಿಂದಿನ ಕಾರುಗಳಲ್ಲಿ ಈ ಪೆಡಲಿಗೂ ಎಂಜಿನ್ನಿಗೂ ನೇರವಾದ ನಂಟಿತ್ತು. ಪೆಡಲನ್ನು ಒತ್ತಿದರೆ ಉಕ್ಕಿನ ತಂತಿಯೊಂದು ಸೆಳೆಯಲ್ಪಟ್ಟು, ಎಂಜಿನ್ನಿಗೆ ಗಾಳಿ ಹೋಗುವ ದಾರಿಯಲ್ಲಿರುವ ಥ್ರಾಟಲ್ ಎಂಬ ಪುಟ್ಟ ಬಾಗಿಲು ತೆರೆಯುತ್ತಿತ್ತು. ತಂತಿ ಹರಿದರೆ ಕಾರು ನಿಲ್ಲುವುದು. ತಂತಿ ಸಿಕ್ಕಿಕೊಂಡರೆ ಎಂಜಿನ್ ಅರಚುವುದು. ದೋಷವೆಲ್ಲಿದೆಯೆಂಬುದನ್ನು ಕಣ್ಣಿದ್ದವರೆಲ್ಲ ಕಾಣಬಹುದಾಗಿತ್ತು.

1980ರ ದಶಕದ ಕೊನೆಯ ವರ್ಷಗಳಲ್ಲಿ ಜರ್ಮನಿಯ ಬಿ.ಎಂ.ಡಬ್ಲ್ಯು. ಸಂಸ್ಥೆ ತನ್ನ ದೊಡ್ಡ ಕಾರೊಂದರಲ್ಲಿ ಈ ತಂತಿಯನ್ನು ಬಿಟ್ಟು, ಅದರ ಸ್ಥಾನದಲ್ಲಿ ವಿದ್ಯುತ್ ಸಂದೇಶವನ್ನು ನೇಮಿಸಿತು. ಇಂದು ಮಾರಾಟಕ್ಕೆ ಬರುವ ಕಾರುಗಳಲ್ಲಿ ಬಹುಪಾಲು ಇದೇ ಬಗೆಯವು. ಈಗ ಚಾಲಕನ ಕಾಲು ಎಂಜಿನ್ನಿಗೆ ಆಜ್ಞೆ ಕೊಡುವುದಿಲ್ಲ. ಅರ್ಜಿಯನ್ನು ಮಾತ್ರ ಸಲ್ಲಿಸುತ್ತದೆ. ಪೆಡಲಿನ ಬುಡದಲ್ಲಿರುವ ಸೆನ್ಸರು ಆ ಅರ್ಜಿಯನ್ನು ಓದಿ ಎಂಜಿನ್ ಕಂಪ್ಯೂಟರಿಗೆ ಅರುಹುತ್ತದೆ. ಕಂಪ್ಯೂಟರು ವಿಚಾರಮಾಡಿ, ಪೆಟ್ರೋಲ್ ಕಾರಾದರೆ ಒಂದು ಚಿಕ್ಕ ಮೋಟಾರಿನಿಂದ ಥ್ರಾಟಲನ್ನು ತೆರೆಸುತ್ತದೆ. ಡೀಸೆಲ್ ಕಾರಾದರೆ ಎಂಜಿನ್ನಿಗೆ ಚಿಮ್ಮುವ ಇಂಧನದ ಪ್ರಮಾಣವನ್ನು ಹೆಚ್ಚಿಸುತ್ತದೆ.

ಒಂದು ಸಂಸಾರದ ಪ್ರಾಣವೆಲ್ಲ ಅವಲಂಬಿಸಿರುವ ಇಂಥ ಸುದ್ದಿಯನ್ನು ಒಬ್ಬನೇ ಸಾಕ್ಷಿಯ ಮಾತಿಗೆ ಬಿಡುವುದು ಸಲ್ಲದೆಂದು ಎಂಜಿನಿಯರುಗಳು ಬಗೆದರು. ಆದುದರಿಂದ ಪೆಡಲಿನಲ್ಲಿ ಒಂದಲ್ಲ, ಎರಡು ಸೆನ್ಸರುಗಳಿರುತ್ತವೆ. ಸಾಮಾನ್ಯವಾಗಿ ಪ್ರತಿಯೊಂದಕ್ಕೂ ಮೂರು ವೈರುಗಳು: 5 ವೋಲ್ಟ್ ವಿದ್ಯುತ್ತನ್ನು ತರುವುದೊಂದು, ಗ್ರೌಂಡ್ ಒಂದು, ಸುದ್ದಿಯನ್ನು ಒಯ್ಯುವುದೊಂದು. ಹೀಗೆ ಒಟ್ಟು ಆರು. ಎರಡೂ ಸೆನ್ಸರುಗಳು ಒಂದೇ ಪೆಡಲನ್ನು ನೋಡುತ್ತವೆಯಾದರೂ ಒಂದೇ ಅಂಕಿಯನ್ನು ಹೇಳುವುದಿಲ್ಲ. ಟೊಯೋಟಾ ಕಾರುಗಳ ಒಂದು ಬಗೆಯ ಪೆಡಲಿನಲ್ಲಿ, ಕಾಲು ಸೋಕದಿರುವಾಗ, ಮೊದಲನೆಯದು ಸುಮಾರು 0.8 ವೋಲ್ಟ್ ಎಂದರೆ ಎರಡನೆಯದು ಸುಮಾರು 1.6 ಎನ್ನುತ್ತದೆ. ಪೆಡಲನ್ನು ಒತ್ತಿದಂತೆ ಎರಡೂ ಏರುತ್ತವೆ. ನಡುವಣ ಅಂತರ ಮಾತ್ರ ಬಹುಮಟ್ಟಿಗೆ ಹಾಗೆಯೇ ಉಳಿಯುತ್ತದೆ. ಬೇರೆ ಅನೇಕ ಕಾರುಗಳಲ್ಲಿ ಒಂದರ ಅಂಕಿ ಇನ್ನೊಂದರ ಅರ್ಧದಷ್ಟಿರುತ್ತದೆ. ಈ ಭೇದವನ್ನು ಬೇಕೆಂದೇ ಇಟ್ಟಿರುವುದು. ಎರಡು ವೈರುಗಳು ಎಲ್ಲಿಯಾದರೂ ಒಂದಕ್ಕೊಂದು ತಗುಲಿದರೆ ಎರಡೂ ಒಂದೇ ಅಂಕಿಯನ್ನು ನುಡಿಯುತ್ತವೆ. ಸಾಕ್ಷಿಗಳು ಒಬ್ಬರ ಮಾತನ್ನೊಬ್ಬರು ಕೇಳಿ ನುಡಿಯುತ್ತಿದ್ದಾರೆಂದು ಕಂಪ್ಯೂಟರು ಆಗ ತಿಳಿಯುತ್ತದೆ.

ಸಾಕ್ಷಿಗಳು ಜಗಳವಾಡಿದಾಗ

ಸೆನ್ಸರುಗಳ ಹೇಳಿಕೆ ಹೊಂದದಿದ್ದ ಕ್ಷಣದಲ್ಲಿ ಕಂಪ್ಯೂಟರು ಯಾರು ಸರಿ, ಯಾರು ತಪ್ಪು ಎಂದು ಊಹಿಸಲು ಹೋಗುವುದಿಲ್ಲ. ಅಪಾಯವಿಲ್ಲದ ದಾರಿಯನ್ನು ಹಿಡಿಯುತ್ತದೆ. ಎಚ್ಚರಿಕೆಯ ದೀಪ ಹೊತ್ತುತ್ತದೆ. ಕಾರು ಒಮ್ಮೆಗೇ ಬಲಗುಂದುತ್ತದೆ. ಪೆಡಲನ್ನು ಎಷ್ಟೇ ತುಳಿದರೂ ಆಮೆಯ ನಡೆ ಬಿಡುವುದಿಲ್ಲ. ಗ್ಯಾರೇಜಿನವರು ಇದನ್ನು ಲಿಂಪ್ ಮೋಡ್ ಎನ್ನುತ್ತಾರೆ. ಕುಂಟು ನಡಿಗೆಯೆಂದರೂ ಸರಿಯೆ. ಎರಡು ಸೆನ್ಸರುಗಳೂ ಕೈಕೊಟ್ಟರೆ ಎಂಜಿನ್ ನಿಂತಲ್ಲೇ ಮೆಲ್ಲಗೆ ಉರಿಯುವುದೇ ಹೊರತು ವೇಗವನ್ನು ಕೊಡುವುದಿಲ್ಲ. ಘಟ್ಟದ ಏರಿನಲ್ಲಿ ಹೆಂಡತಿ ಮಕ್ಕಳೊಡನೆ ಹೊರಟವನಿಗೆ ಇದು ದೊಡ್ಡ ತೊಂದರೆಯೇ ಸರಿ. ಆದರೆ ಕೇಳದಿದ್ದರೂ ಓಡುವ ಕಾರಿಗಿಂತ, ಕೇಳಿದರೂ ಓಡದ ಕಾರು ಲೇಸು.

ಇಲ್ಲಿಂದ ಮುಂದೆ ಗ್ಯಾರೇಜಿನ ಕೆಲಸ. ಮೆಕ್ಯಾನಿಕ್ಕನು ಸ್ಕ್ಯಾನರನ್ನು ಚುಚ್ಚಿದರೆ ದೋಷದ ಕೋಡ್ ಕಾಣುತ್ತದೆ. ಪಿ 2138 ಎಂದಿದ್ದರೆ ಪೆಡಲಿನ ಎರಡು ಸೆನ್ಸರುಗಳ ಮಾತು ಹೊಂದುತ್ತಿಲ್ಲವೆಂದರ್ಥ. ಪಿ 2122, ಪಿ 2127 ಎಂದಿದ್ದರೆ ಒಂದು ಸೆನ್ಸರಿನ ವೋಲ್ಟೇಜು ತೀರ ಕಡಿಮೆ. ಪಿ 2123, ಪಿ 2128 ಎಂದಿದ್ದರೆ ತೀರ ಹೆಚ್ಚು. ಪಿ 2135 ಎಂಬುದು ನೋಡಲು ಇವುಗಳ ಒಡಹುಟ್ಟಿನಂತಿದ್ದರೂ ಅದು ಹೇಳುವುದು ಎಂಜಿನ್ನಿನ ಬಳಿಯಿರುವ ಥ್ರಾಟಲಿನ ಸೆನ್ಸರುಗಳ ವಿಷಯ. ಇವೆರಡರ ವ್ಯತ್ಯಾಸವನ್ನರಿಯದೆ ಕಾಲಡಿಯ ಪೆಡಲನ್ನು ಬದಲಾಯಿಸಿ, ಹಣ ತೆತ್ತು, ಅದೇ ದೀಪದೊಡನೆ ಮನೆಗೆ ಮರಳುವುದುಂಟು.

ಕೋಡ್ ಎಂಬುದು ಫಿರ್ಯಾದು ಮಾತ್ರ, ಅದು ತೀರ್ಪಲ್ಲ. ಸೆನ್ಸರಿನ ಮಾತು ಕಂಪ್ಯೂಟರನ್ನು ಮುಟ್ಟುವ ಮೊದಲು ವೈರು, ಕನೆಕ್ಟರ್, ವಿದ್ಯುತ್ ಪೂರೈಕೆ, ಗ್ರೌಂಡ್ ಇಷ್ಟನ್ನೂ ದಾಟಿ ಬರಬೇಕು. ಇವುಗಳಲ್ಲಿ ಯಾವುದು ಕೆಟ್ಟರೂ ಅಪವಾದ ಪೆಡಲಿನ ಮೇಲೆಯೇ ಬೀಳುತ್ತದೆ. ಪೆಡಲಿನ ಬಳಿಯ ನೆಲ ಮಳೆಗಾಲದಲ್ಲಿ ನೆನೆದರೆ ಕನೆಕ್ಟರಿನ ಹಲ್ಲುಗಳಿಗೆ ಕಿಲುಬು ಹಿಡಿಯುತ್ತದೆ. ಬಾನೆಟ್ಟಿನಡಿ ಸೇರಿದ ಇಲಿ ವೈರಿನ ಹೊದಿಕೆಯನ್ನು ಕಡಿಯುತ್ತದೆ. ಅದೇ 5 ವೋಲ್ಟ್ ಪೂರೈಕೆಯನ್ನು ಹಂಚಿಕೊಂಡ ಬೇರೊಂದು ಸೆನ್ಸರು ಕೆಟ್ಟು, ಆ 5 ವೋಲ್ಟನ್ನೇ ಕುಗ್ಗಿಸಿಬಿಡುವ ಸಂಭವವೂ ಉಂಟು.

ಒಳ್ಳೆಯ ಮೆಕ್ಯಾನಿಕ್ಕನ ಪರೀಕ್ಷೆಗೆ ಒಂದು ಕ್ರಮವಿದೆ. ಎಂಜಿನ್ನನ್ನು ಚಾಲೂಮಾಡದೆ ಕೀಲಿಯನ್ನು ಮಾತ್ರ ತಿರುಗಿಸಿ, ಸ್ಕ್ಯಾನರಿನ ಮೇಲೆ ಎರಡು ಸೆನ್ಸರುಗಳ ಅಂಕಿಗಳನ್ನೂ ನೋಡುತ್ತ ಪೆಡಲನ್ನು ಮೆಲ್ಲಮೆಲ್ಲನೆ ಒತ್ತುತ್ತಾನೆ. ಅಂಕಿಗಳು ನೀರೇರಿದಂತೆ ಒಂದೇ ಸಮನಾಗಿ ಏರಬೇಕು. ನಡುವೆ ಹಠಾತ್ತನೆ ಬಿದ್ದೆದ್ದರೆ ಸೆನ್ಸರಿನೊಳಗಣ ಪಟ್ಟಿ ಅಲ್ಲಿ ಸವೆದಿದೆಯೆಂದು ಶಂಕಿಸಬೇಕು. ಬಳಿಕ ಪೆಡಲನ್ನು ಅಲುಗಿಸದೆ ವೈರನ್ನು ಅಲುಗಿಸುತ್ತಾನೆ; ಆಗ ಅಂಕಿ ಕುಣಿದರೆ ದೋಷ ವೈರಿನಲ್ಲಿದೆ. ಆನಂತರ ಮಲ್ಟಿಮೀಟರಿನಿಂದ 5 ವೋಲ್ಟ್ ಪೂರ್ತಿ ಬರುತ್ತಿದೆಯೇ ಎಂದೂ, ಗ್ರೌಂಡಿನ ದಾರಿಯಲ್ಲಿ ವೋಲ್ಟೇಜು ಸೋರಿಹೋಗುತ್ತಿಲ್ಲವೇ ಎಂದೂ ಅಳೆಯುತ್ತಾನೆ. ಹಳೆಯ ಸೆನ್ಸರುಗಳು ಉಜ್ಜಿಕೊಂಡು ಓಡುವ ರೆಸಿಸ್ಟರ್ ಪಟ್ಟಿಯವು. ಹೊಸವು ಅನೇಕವು ಅಯಸ್ಕಾಂತದ ಬಲದಿಂದ ನಡೆಯುವಂಥವು, ಅಂದರೆ 1879ರಲ್ಲಿ ಅಮೆರಿಕದ ಎಡ್ವಿನ್ ಹಾಲ್ ಕಂಡುಹಿಡಿದ ಪರಿಣಾಮವನ್ನು ಆಧರಿಸಿದವು. ಈ ಎರಡನೆಯ ಬಗೆಯನ್ನು ಓಮ್ ಮಾಪಕದಿಂದ ಅಳೆದು ಕೆಟ್ಟಿದೆಯೆನ್ನುವುದು, ಹಾಲಿನ ರುಚಿಯನ್ನು ತಕ್ಕಡಿಯಲ್ಲಿ ನೋಡಿದಂತೆ.

ಇಷ್ಟೆಲ್ಲ ನೋಡಿದ ಮೇಲೂ ತಪ್ಪು ಪೆಡಲಿನದೇ ಎಂದು ನಿಂತರೆ ಬದಲಾಯಿಸಬೇಕು. ಸೆನ್ಸರನ್ನು ಮಾತ್ರ ಬಿಡಿಯಾಗಿ ಕೊಡುವುದು ಅಪರೂಪ. ಸಾಮಾನ್ಯವಾಗಿ ಇಡೀ ಪೆಡಲನ್ನೇ ಕೊಳ್ಳಬೇಕಾಗುತ್ತದೆ. ಆದುದರಿಂದಲೇ ಬೆಲೆ ತೆರುವ ಮುನ್ನ ವಿಚಾರಣೆ ಪೂರ್ತಿಯಾಗಿರಬೇಕು.

ಸಾಕ್ಷಿಗಳು ಒಪ್ಪಿಕೊಂಡಾಗ

ಇಲ್ಲಿಯವರೆಗಿನದು ಸಾಕ್ಷಿಗಳ ಜಗಳದ ಕಥೆ. ಯಂತ್ರಕ್ಕೆ ತಿಳಿಯುವುದು ಈ ಜಗಳ ಮಾತ್ರ. ಇಬ್ಬರೂ ಒಂದೇ ದನಿಯಲ್ಲಿ ನುಡಿದರೆ ಅದು ನಂಬುತ್ತದೆ. ಆ ನಂಬಿಕೆಗೂ ಒಂದು ಎಲ್ಲೆಯುಂಟೆಂಬುದನ್ನು ಅಮೆರಿಕದ ಜನ ಕಠಿನವಾದ ರೀತಿಯಲ್ಲಿ ತಿಳಿಯಬೇಕಾಯಿತು.

2009ರ ಆಗಸ್ಟ್ 28ರಂದು ಕ್ಯಾಲಿಫೋರ್ನಿಯಾದ ಸ್ಯಾನ್ ಡಿಯೇಗೋ ನಗರದ ಬಳಿ ಹೆದ್ದಾರಿ ಪೊಲೀಸ್ ಅಧಿಕಾರಿಯೊಬ್ಬರು ಬಿಡುವಿನ ದಿನ ತಮ್ಮ ಕುಟುಂಬದವರೊಡನೆ ಒಂದು ಲೆಕ್ಸಸ್ ಕಾರಿನಲ್ಲಿ ಹೋಗುತ್ತಿದ್ದರು. ಲೆಕ್ಸಸ್ ಎಂಬುದು ಟೊಯೋಟಾ ಸಂಸ್ಥೆಯದೇ ಕಾರು. ಸ್ವಂತ ಕಾರು ದುರಸ್ತಿಗೆ ಹೋಗಿದ್ದುದರಿಂದ ತಾತ್ಕಾಲಿಕವಾಗಿ ಅವರಿಗೆ ಇದನ್ನು ಕೊಡಲಾಗಿತ್ತು. ಕಾರು ಹಿಡಿತಕ್ಕೆ ಸಿಕ್ಕದೆ ಓಡತೊಡಗಿತು. ಬ್ರೇಕ್ ಹಿಡಿಯುತ್ತಿಲ್ಲವೆಂದು ಒಳಗಿನವರೊಬ್ಬರು ತುರ್ತು ಸಹಾಯಕ್ಕೆ ದೂರವಾಣಿ ಮಾಡಿ ಹೇಳುತ್ತಿದ್ದಂತೆಯೇ ಅಪಘಾತವಾಗಿ, ನಾಲ್ವರೂ ತೀರಿಕೊಂಡರು. ವಿಚಾರಣೆಯಲ್ಲಿ ಕಂಡುಬಂದುದು ಸೆನ್ಸರಿನ ದೋಷವಲ್ಲ. ಬೇರೊಂದು ಮಾದರಿಯ ಕಾರಿನ ದಪ್ಪ ರಬ್ಬರ್ ಮ್ಯಾಟನ್ನು ಆ ಕಾರಿನಲ್ಲಿ ಹಾಸಲಾಗಿತ್ತು. ಪೆಡಲು ಅದರ ಅಂಚಿಗೆ ಸಿಕ್ಕಿಕೊಂಡಿತ್ತು.

ಈ ಹೊತ್ತಿನಲ್ಲಿ ಸೆನ್ಸರುಗಳು ಏನನ್ನು ಹೇಳುತ್ತಿದ್ದಿರಬೇಕು? ಪೆಡಲು ಕೆಳಗಿದೆಯೆಂದು, ಅದು ನಿಜವೇ. ಅದನ್ನು ಒತ್ತಿದ್ದು ಕಾಲೋ ಮ್ಯಾಟೋ ಎಂಬುದು ಅವಕ್ಕೆ ತಿಳಿಯದು. 2010ರ ಜನವರಿ 21ರಂದು ಟೊಯೋಟಾ ಸಂಸ್ಥೆ ಅಮೆರಿಕದಲ್ಲಿ ಸುಮಾರು 23 ಲಕ್ಷ ಕಾರುಗಳನ್ನು ಇನ್ನೊಂದು ಕಾರಣಕ್ಕಾಗಿ ಹಿಂದಕ್ಕೆ ಕರೆಸಿತು. ಆ ಪೆಡಲುಗಳೊಳಗೆ ಉಜ್ಜಿಕೊಳ್ಳುವ ಭಾಗ ಸವೆದು, ಕಾಲು ತೆಗೆದ ಮೇಲೂ ಪೆಡಲು ತಡವಾಗಿ ಮೇಲೇಳುವುದು, ಇಲ್ಲವೆ ಅರ್ಧದಲ್ಲೇ ನಿಲ್ಲುವುದು ಕಂಡುಬಂದಿತ್ತು. ಅಲ್ಲಿಯೂ ಇಬ್ಬರು ಸಾಕ್ಷಿಗಳ ಮಾತಿನಲ್ಲಿ ಭೇದವಿರಲಿಲ್ಲ. ಕೋಡ್ ಮೂಡುವ ಕಾರಣವೂ ಇರಲಿಲ್ಲ. ಉಕ್ಕಿನ ಒಂದು ಚಿಕ್ಕ ಚೂರನ್ನು ಒಳಗೆ ಸೇರಿಸಿ ಆ ಪೆಡಲುಗಳನ್ನು ಸರಿಪಡಿಸಲಾಯಿತು.

ತವರದ ಕೂದಲು

ಜನರ ಶಂಕೆ ಅಷ್ಟಕ್ಕೇ ಅಡಗಲಿಲ್ಲ. ವಿದ್ಯುತ್ ವ್ಯವಸ್ಥೆಯಲ್ಲಿಯೇ ಕಾಣದ ದೋಷವಿರಬಹುದೆ ಎಂಬ ಪ್ರಶ್ನೆ ಎದ್ದಾಗ ಅಮೆರಿಕ ಸರ್ಕಾರ ಆಕಾಶಯಾನದ ಸಂಸ್ಥೆಯಾದ ನಾಸಾದ ಎಂಜಿನಿಯರುಗಳನ್ನು ಈ ತಪಾಸಣೆಗೆ ನೇಮಿಸಿತು. ಅವರು ಕಂಪ್ಯೂಟರಿನ 2,80,000ಕ್ಕೂ ಹೆಚ್ಚು ಸಾಲುಗಳ ಆದೇಶಗಳನ್ನು ಪರಿಶೀಲಿಸಿದರು. ಚಾಲಕರ ದೂರಿಗೆ ಗುರಿಯಾಗಿದ್ದ ಒಂದು ಕಾರಿನ ಪೆಡಲನ್ನು ಬಿಚ್ಚಿ ನೋಡಿದಾಗ ಅವರಿಗೊಂದು ವಿಚಿತ್ರ ಕಂಡಿತು. ಶುದ್ಧ ತವರದ ಲೇಪದಿಂದ ತಾನೇ ತಾನಾಗಿ ಬೆಳೆದ, ಮನುಷ್ಯನ ಕೂದಲಿಗಿಂತಲೂ ಎಷ್ಟೋ ತೆಳುವಾದ ಎಳೆಯೊಂದು ಎರಡು ಸೆನ್ಸರುಗಳ ಸಂದೇಶದ ದಾರಿಗಳಿಗೆ ಅಡ್ಡಸೇತುವೆಯಾಗಿತ್ತು. ತವರಕ್ಕೆ ಸೀಸ ಬೆರೆಸಿದರೆ ಇಂಥ ಬೆಳವಣಿಗೆ ಬಹುಮಟ್ಟಿಗೆ ತಗ್ಗುವುದೆಂಬುದು ಲೋಹಶಾಸ್ತ್ರಜ್ಞರಿಗೆ ಹಿಂದಿನಿಂದಲೂ ತಿಳಿದ ಸಂಗತಿ.

ಆ ಎಳೆಯ ವಿದ್ಯುತ್ ತಡೆ 248 ಓಮ್. ಈ ಅಂಕಿಯಲ್ಲಿ ಒಂದು ಮರ್ಮವಿದೆ. ಎರಡು ದಾರಿಗಳು ಪೂರ್ತಿಯಾಗಿ ಕೂಡಿಬಿಟ್ಟಿದ್ದರೆ ಅವುಗಳ ಅಂತರ ಅಳಿದು ಕಂಪ್ಯೂಟರು ಒಡನೆ ಎಚ್ಚರಗೊಳ್ಳುತ್ತಿತ್ತು. ಆದರೆ ಇಂಥ ಅರೆ ಸಂಪರ್ಕದಲ್ಲಿ ಅಂತರ ಕಿರಿದಾಗುವುದೇ ಹೊರತು ಅಳಿಯುವುದಿಲ್ಲ. ಆದುದರಿಂದ ಕೆಲವು ಸನ್ನಿವೇಶಗಳಲ್ಲಿ ಅದು ಪರೀಕ್ಷೆಯ ಕಣ್ಣು ತಪ್ಪಿಸಬಲ್ಲದು. ಆಗ ಚಾಲಕನಿಗೆ ಅರಿವಾಗುವುದು ಪೆಡಲಿನ ವರ್ತನೆಯಲ್ಲಿ ಮಾತ್ರ: ಸಮನಾಗಿ ವೇಗವೇರಬೇಕಾದ ಕಾರು ಎಳೆದೆಳೆದು ಚಿಮ್ಮುತ್ತದೆ.

2011ರ ಫೆಬ್ರುವರಿ 8ರಂದು ವರದಿ ಹೊರಬಿತ್ತು. ಕಾರನ್ನು ಹಿಡಿತ ತಪ್ಪಿಸಿ ಓಡಿಸಬಲ್ಲ ವಿದ್ಯುತ್ ದೋಷಕ್ಕೆ ಪುರಾವೆ ದೊರೆಯಲಿಲ್ಲವೆಂದು ಅದು ಹೇಳಿತು. ಹಾಗಾಗಬೇಕಾದರೆ ಇಂಥ ಎರಡು ದೋಷಗಳು ನಿರ್ದಿಷ್ಟ ಪ್ರಮಾಣದಲ್ಲಿ, ನಿರ್ದಿಷ್ಟ ಕ್ರಮದಲ್ಲಿ ಒದಗಿಬರಬೇಕು. ರಸ್ತೆಯಲ್ಲಿ ಹಾಗೆ ನಡೆದ ನಿದರ್ಶನ ಅವರಿಗೆ ಸಿಗಲಿಲ್ಲ. ಪುರಾವೆ ಸಿಗಲಿಲ್ಲವೆಂದ ಮಾತ್ರಕ್ಕೆ ಅಸಾಧ್ಯವೆಂದಲ್ಲ ಎಂಬುದನ್ನೂ ಅವರು ಮರೆಮಾಚಲಿಲ್ಲ. ಮುಂದೆ 2013ರಲ್ಲಿ ಒಕ್ಲಹೋಮಾ ರಾಜ್ಯದ ಒಂದು ಮೊಕದ್ದಮೆಯಲ್ಲಿ ಜ್ಯೂರಿಯವರು ಥ್ರಾಟಲಿನ ವಿದ್ಯುತ್ ವ್ಯವಸ್ಥೆಯನ್ನೇ ದೋಷಿಯೆಂದರು. ಮ್ಯಾಟು ಮತ್ತು ಪೆಡಲುಗಳ ವಿಷಯದಲ್ಲಿ ಗ್ರಾಹಕರನ್ನು ತಪ್ಪು ದಾರಿಗೆಳೆದ ಆರೋಪವನ್ನು ಇತ್ಯರ್ಥಪಡಿಸಿಕೊಳ್ಳಲು 2014ರ ಮಾರ್ಚಿಯಲ್ಲಿ ಟೊಯೋಟಾ ಸಂಸ್ಥೆ 120 ಕೋಟಿ ಡಾಲರುಗಳನ್ನು ತೆರಲು ಒಪ್ಪಿತು.

ಕಾರುಳ್ಳವರು ನೆನಪಿಡಬೇಕಾದುದು

ಹಾಗಾದರೆ ಮನೆಯ ಯಜಮಾನ, ಯಜಮಾನಿಯರು ಮಾಡಬೇಕಾದುದೇನು? ಮೊದಲನೆಯ ಪರೀಕ್ಷೆಗೆ ಯಾವ ಉಪಕರಣವೂ ಬೇಡ. ಚಾಲಕನ ಕಾಲಡಿಯ ಮ್ಯಾಟು ಆ ಕಾರಿಗೇ ಹೊಂದುವಂಥದೇ, ಕೊಕ್ಕೆಗಳಲ್ಲಿ ಕೂತಿದೆಯೇ ಎಂದು ನೋಡಬೇಕು. ಒಂದರ ಮೇಲೊಂದು ಮ್ಯಾಟನ್ನು ಹಾಸಕೂಡದು. ಎಂಜಿನ್ ನಿಂತಿರುವಾಗ ಪೆಡಲನ್ನು ಕೈಯಿಂದ ಒತ್ತಿ ಬಿಟ್ಟರೆ ಅದು ತಡೆಯಿಲ್ಲದೆ ಪುಟಿದೇಳಬೇಕು. ಗ್ಯಾರೇಜಿಗೆ ಹೋದಾಗ "ಪೆಡಲು ಹೋಗಿದೆ" ಎಂಬ ಮಾತಿಗೆ ತಲೆಯಾಡಿಸುವ ಮೊದಲು ಯಾವ ಕೋಡ್ ಬಂತು, ವೈರನ್ನೂ 5 ವೋಲ್ಟನ್ನೂ ನೋಡಿದ್ದಾಯಿತೇ ಎಂದು ವಿಚಾರಿಸಬೇಕು. ದೀಪ ಹೊತ್ತದಿದ್ದರೂ ಕಾರು ಎಳೆದೆಳೆದು ಚಿಮ್ಮುತ್ತಿದ್ದರೆ, ಸ್ಕ್ಯಾನರಿನಲ್ಲಿ ಏನೂ ಇಲ್ಲವೆಂಬ ಉತ್ತರಕ್ಕೆ ಸಮಾಧಾನಗೊಳ್ಳದೆ ಎರಡು ಸೆನ್ಸರುಗಳ ಅಂಕಿಗಳನ್ನೂ ಒಟ್ಟಿಗೆ ತೋರಿಸೆನ್ನಬೇಕು.

ದೈವವಶಾತ್ ಎಂದಾದರೂ ಕಾರು ತಾನಾಗಿ ಓಡತೊಡಗಿದರೆ ಎರಡು ಕೆಲಸ ನೆನಪಿರಲಿ. ಬ್ರೇಕನ್ನು ಮತ್ತೆ ಮತ್ತೆ ತುಳಿದು ಬಿಡದೆ, ಒಂದೇ ಸಲಕ್ಕೆ ಬಲವಾಗಿ ಒತ್ತಿ ಹಿಡಿಯಬೇಕು. ಗೇರನ್ನು ನ್ಯೂಟ್ರಲಿಗೆ ತರಬೇಕು. ಎಂಜಿನ್ ಎಷ್ಟು ಅರಚಿದರೂ ಆಗ ಚಕ್ರಗಳಿಗೆ ಅದರ ಬಲ ಮುಟ್ಟುವುದಿಲ್ಲ. ಕಾರು ರಸ್ತೆಯ ಅಂಚಿನಲ್ಲಿ ನಿಂತ ಮೇಲೆ ಎಂಜಿನ್ನನ್ನು ಆರಿಸಬೇಕು. ಓಡುತ್ತಿರುವಾಗಲೇ ಕೀಲಿಯನ್ನು ಹೊರಗೆಳೆದರೆ ಸ್ಟೀರಿಂಗ್ ಬಿಗಿದುಕೊಳ್ಳುವ ಅಪಾಯವಿದೆ. ಮನೆಯಲ್ಲಿ ಕಾರು ನಡೆಸುವವರೆಲ್ಲರೂ ಇಷ್ಟನ್ನು, ಬಯಲಿನಲ್ಲಿ ನಿಂತ ಕಾರಿನಲ್ಲಿಯೇ, ಒಮ್ಮೆ ಕೈಯಿಂದ ಮಾಡಿ ನೋಡಿಕೊಂಡಿರುವುದು ಒಳ್ಳೆಯದು.